ಭಯಕ್ಕೆ ದನಿ ಕೊಟ್ಟ ಕೆಂಜಿ ಕವಾಯಿ

ಮಾನ್ಯ ಸಂಪಾದಕರೇ,

ಜಪಾನಿನ ಹಾರರ್ ಚಿತ್ರಗಳ ಮಾತು ಬಂದಾಗಲೆಲ್ಲ ನಿರ್ದೇಶಕರನ್ನೂ ಉದ್ದ ಕೂದಲಿನ ದೆವ್ವವನ್ನೂ ನೆನೆಯುವ ನಾವು, ಸಂಗೀತ ನಿರ್ದೇಶಕ ಕೆಂಜಿ ಕವಾಯಿ ಅವರನ್ನು ಮರೆತೇಬಿಡುತ್ತೇವೆ. ಹಿದೆಯೊ ನಕಾತಾ ನಿರ್ದೇಶಿಸಿದ 1998ರ ‘ರಿಂಗು’ ಹಾಲಿವುಡ್ ಲೆಕ್ಕದಲ್ಲಿ ತೀರಾ ಪುಟ್ಟ ಬಜೆಟ್ಟಿನ ಚಿತ್ರ. ಚಿತ್ರದ ದೆವ್ವವಾದ ಸದಾಕೊ ಪಾತ್ರಧಾರಿಯನ್ನು ಹಿಮ್ಮುಖವಾಗಿ ನಡೆಸಿ, ಆ ದೃಶ್ಯವನ್ನು ತಿರುಗಿಸಿ ಓಡಿಸಿ ಆ ವಿಚಿತ್ರ ನಡಿಗೆಯನ್ನು ನಕಾತಾ ಪಡೆದರು. ಕವಾಯಿ ಅವರ ಸಂಗೀತದಲ್ಲೂ ಇದೇ ಮಿತವ್ಯಯವಿದೆ. ಬಾವಿಯಿಂದ ಮೇಲೆದ್ದ ಸದಾಕೊ ಟಿ.ವಿ. ಪರದೆಯತ್ತ ಸರಿಯುತ್ತಾ ಬರುವಾಗ ಕೇಳಿಸುವುದು ದೊಡ್ಡ ವಾದ್ಯವೃಂದವಲ್ಲ, ಲೋಹಕ್ಕೆ ಲೋಹ ಉಜ್ಜಿದಂತಹ ಕಿರುಚು ದನಿ. ಅದಕ್ಕೂ ಮೊದಲು ಚಿತ್ರದ ಬಹುಭಾಗವನ್ನು ಆಳುವ ಮೌನವೇ ಆ ದನಿಯನ್ನು ಅಷ್ಟು ಭೀಕರವಾಗಿಸುತ್ತದೆ ಎಂಬುದು ನನ್ನ ದೃಢ ಅಭಿಪ್ರಾಯ.

ಇದೇ ವ್ಯಕ್ತಿ 1995ರ ‘ಘೋಸ್ಟ್ ಇನ್ ದಿ ಶೆಲ್’ ಅನಿಮೇಷನ್ ಚಿತ್ರಕ್ಕೆ ಜಪಾನಿ ಜನಪದ ಗಾಯಕಿಯರಿಂದ ಪ್ರಾಚೀನ ಭಾಷೆಯ ಮದುವೆ ಹಾಡನ್ನು ಹಾಡಿಸಿದವರು ಎಂಬುದನ್ನು ನೆನೆದರೆ, ಅವರು ಹಾರರ್‌ನಲ್ಲಿ ತೋರಿದ ಸಂಯಮ ಸಾಮರ್ಥ್ಯದ ಕೊರತೆಯಲ್ಲ, ಬೇಕೆಂದೇ ಮಾಡಿದ ಆಯ್ಕೆ ಎಂದು ತಿಳಿಯುತ್ತದೆ. ನಕಾತಾ ಜೊತೆ ಅವರು ‘ರಿಂಗು 2’, ‘ಡಾರ್ಕ್ ವಾಟರ್’ (2002), ‘ಕೈದಾನ್’ (2007) ಚಿತ್ರಗಳಿಗೂ ದುಡಿದರು. ‘ರಿಂಗು’ ಚಿತ್ರದ 2002ರ ಹಾಲಿವುಡ್ ರೀಮೇಕ್‌ಗೆ ಹ್ಯಾನ್ಸ್ ಝಿಮ್ಮರ್ ಸಂಗೀತ ಒದಗಿಸಿದರು. ಅದು ಸೊಗಸಾಗಿದೆ, ಆದರೆ ನನ್ನ ನಿದ್ದೆ ಕೆಡಿಸಿದ್ದು ಕವಾಯಿ ಅವರದೇ. ಇಂಥ ಚಿತ್ರಗಳ ವಿಮರ್ಶೆಯಲ್ಲಿ ಸಂಗೀತಕ್ಕೆ ಒಂದು ಪ್ಯಾರಾವನ್ನಾದರೂ ಮೀಸಲಿಡಬೇಕೆಂದು ತಮ್ಮ ಸಿನಿಮಾ ಪುಟದ ಲೇಖಕರಲ್ಲಿ ವಿನಂತಿಸುತ್ತೇನೆ.

– ಓದುಗ, ಮೈಸೂರು