ನೀನು ಕೈಬಿಟ್ಟ 630 ಅಡಿ

ಮಡಿಕೇರಿ

ಪ್ರೀತಿಯ ಗೆಳೆಯ,

ಸಂಕಲನದ ಕೋಣೆಯನ್ನು ಈ ವರ್ಷ ಮುಚ್ಚುತ್ತಿರುವುದಾಗಿ ನೀನು ಬರೆದ ಪತ್ರ ತಲುಪಿತು. ಇಷ್ಟು ವರ್ಷ ದುಡಿದರೂ ಚಿತ್ರ ನೋಡುವವರಲ್ಲಿ ಒಬ್ಬರಿಗೂ ನಿನ್ನ ಹೆಸರು ತಿಳಿಯದು ಎಂಬ ಸಾಲನ್ನು ಓದಿದಾಗ ಮನಸ್ಸಿಗೆ ನೋವಾಯಿತು. ಆ ಸಾಲಿಗಾಗಿಯೇ ಈ ಉತ್ತರ.

ಮದರಾಸಿನಲ್ಲಿ ನಾವಿಬ್ಬರೂ ಸಹಾಯಕರಾಗಿದ್ದ ದಿನಗಳು ನನಗೆ ಇಂದಿಗೂ ಕಣ್ಣಿಗೆ ಕಟ್ಟಿದಂತಿವೆ. ಸೆಕೆಂಡಿಗೆ 24 ಫ್ರೇಮು, ನಿಮಿಷಕ್ಕೆ 90 ಅಡಿ ಫಿಲ್ಮು. ಬಿಳಿ ಹತ್ತಿಯ ಕೈಗವಸು ತೊಟ್ಟು, ಶಾಟ್‌ನ ಆರಂಭದಲ್ಲಿ ಬಡಿಯುವ ಕ್ಲಾಪ್ ಹಲಗೆ ಮುಚ್ಚಿದ ಫ್ರೇಮನ್ನು ಹುಡುಕಿ ಧ್ವನಿಯೊಂದಿಗೆ ಹೊಂದಿಸಿ, ಪ್ರತಿ ತುಂಡಿಗೂ ಗುರುತು ಹಾಕಿ ಡಬ್ಬಿಯಲ್ಲಿಡುವುದರಲ್ಲೇ ನಮ್ಮ ರಾತ್ರಿಗಳು ಕಳೆದವು. ನೆಗೆಟಿವ್‌ಗೆ ಕತ್ತರಿ ಹಾಕಿದ ಮೇಲೆ ಆ ಫ್ರೇಮು ಮರಳಿ ಸಿಗದೆಂಬ ಭಯ ನಮ್ಮ ಕೈಗಳಿಗೆ ಶಿಸ್ತು ಕಲಿಸಿತು. ಅಪ್ಪ ತೀರಿಕೊಂಡಾಗ ನಾನು ಕಾಫಿ ತೋಟಕ್ಕೆ ಮರಳಿದೆ, ನೀನು ಉಳಿದೆ. ಮುಂದೆ ಸಂಕಲನದ ಮೇಜಿನ ಜಾಗಕ್ಕೆ ಕಂಪ್ಯೂಟರ್ ಬಂದಾಗ ನಡುವಯಸ್ಸಿನಲ್ಲಿ ಅದನ್ನೂ ಕಲಿತೆ.

ಆದರೆ ನಿನ್ನನ್ನು ನಾನು ಅಳೆಯುವುದು ಬೇರೊಂದು ಕೆಲಸದಿಂದ. ನೀನೇ ನಿರ್ಮಾಪಕನಾಗಿ ನಮ್ಮ ಊರಿನಲ್ಲಿ ಚಿತ್ರ ತೆಗೆದ ವರ್ಷ, ಕೊಡಗಿನ ಸುಗ್ಗಿ ಹಬ್ಬವಾದ ಪುತ್ತರಿಯ ದೃಶ್ಯಕ್ಕಾಗಿ ಮೂರು ರಾತ್ರಿ ಜನರೇಟರ್ ಓಡಿತು. ಊರಿನ ಹುಡುಗರು ಕೊಡವರ ಸಾಂಪ್ರದಾಯಿಕ ಉಡುಪಾದ ಕುಪ್ಯಚೇಲೆ ತೊಟ್ಟು ಊರ ಬಯಲಾದ ಮಂದ್‌ನಲ್ಲಿ ಕೋಲಾಟ ಆಡಿದರು, ಗದ್ದೆಯಲ್ಲಿ ಕದಿರು ಕೊಯ್ಯುವಾಗ ಕೋವಿಯಿಂದ ಗುಂಡು ಹಾರಿತು, 'ಪೊಲಿ ಪೊಲಿ ದೇವಾ' ಎಂಬ ಕೂಗು ಗುಡ್ಡಕ್ಕೆ ತಾಗಿ ಮರಳಿತು. ಆ ದೃಶ್ಯ ಏಳು ನಿಮಿಷ, ಅಂದರೆ 630 ಅಡಿ. ಬಡ್ಡಿಗೆ ತಂದ ಹಣದಲ್ಲಿ ಬಹುಪಾಲು ಆ ಮೂರು ರಾತ್ರಿಗಳಿಗೇ ಹೋಗಿತ್ತು.

ಮಗನಿಗಾಗಿ ಕಾಯುವ ಮುದುಕನ ಕಥೆ ಅದು. ಏಳು ನಿಮಿಷದ ಸೊಬಗಿನಲ್ಲಿ ನೋಡುವವರು ಮುದುಕನನ್ನೇ ಮರೆಯುತ್ತಾರೆಂದು ನಿನಗೆ ಕಂಡಿತು. ನಿರ್ಮಾಪಕನಾದ ನಿನ್ನ ಸಾಲವನ್ನು ಸಂಕಲನಕಾರನಾದ ನೀನು ಲೆಕ್ಕಕ್ಕೆ ತೆಗೆದುಕೊಳ್ಳಲಿಲ್ಲ. ದೂರದ ಗುಂಡಿನ ಸದ್ದಿಗೆ ಜಗಲಿಯಲ್ಲಿ ಮುದುಕ ತಲೆಯೆತ್ತುವ ನಾಲ್ಕು ಸೆಕೆಂಡುಗಳನ್ನು, ಆರೇ ಅಡಿಯನ್ನು, ಇಟ್ಟುಕೊಂಡು ಉಳಿದದ್ದೆಲ್ಲವನ್ನೂ ತೆಗೆದೆ. ಹಬ್ಬಕ್ಕೆ ಬಾರದ ಮಗನ ನೆನಪು ಆ ಮುಖದಲ್ಲಿ ಮೂಡಿದ್ದನ್ನು ನಾನು ಇಂದಿಗೂ ಮರೆತಿಲ್ಲ. ಚಿತ್ರಮಂದಿರದ ಬಾಗಿಲಲ್ಲಿ ನಿಂತು, ತಮ್ಮನ್ನು ತೆರೆಯ ಮೇಲೆ ಕಾಣದೆ ಹೊರಬಂದ ಒಬ್ಬೊಬ್ಬ ಹುಡುಗನಿಗೂ ಕಾರಣ ಹೇಳಿ ನೀನು ಕ್ಷಮೆ ಕೇಳಿದ್ದೂ ನೆನಪಿದೆ. ವಿತರಕರೊಬ್ಬರು ಕೊನೆಯವರೆಗೂ ಲೆಕ್ಕ ಕೊಡಲಿಲ್ಲ. ಸಾಲ ತೀರಿಸಲು ನೀನು ಇತರರ ಚಿತ್ರಗಳ ಸಂಕಲನ ಮಾಡಿದೆ.

ಹೆಸರಿನ ಮಾತಿಗೆ ಬರುತ್ತೇನೆ. ರಾಷ್ಟ್ರಪ್ರಶಸ್ತಿಗಳಲ್ಲಿ ಅತ್ಯುತ್ತಮ ಚಿತ್ರಕ್ಕೆ ಕೊಡುವ ಸ್ವರ್ಣಕಮಲ ನಿರ್ದೇಶಕರ ಜೊತೆಗೆ ನಿರ್ಮಾಪಕರಿಗೂ ಸಲ್ಲುತ್ತದೆ. ಆದರೂ ಜನರ ನೆನಪಿನಲ್ಲಿ ನಿರ್ಮಾಪಕರು ಉಳಿಯುವುದು ಅಪರೂಪ. ಸಂಕಲನಕ್ಕೆ ನಾಲ್ಕು ಬಾರಿ ರಾಷ್ಟ್ರಪ್ರಶಸ್ತಿ ಪಡೆದು 2000ದಲ್ಲಿ ತೀರಿಕೊಂಡ ರೇಣು ಸಲೂಜಾ ಅವರನ್ನಾಗಲಿ, 1995ರ 'ಬಾಂಬೆ' ಚಿತ್ರದ ಸಂಕಲನಕ್ಕೆ ಅದೇ ಗೌರವ ಪಡೆದ ನಮ್ಮವರೇ ಆದ ಸುರೇಶ್ ಅರಸ್ ಅವರನ್ನಾಗಲಿ ಎಷ್ಟು ಪ್ರೇಕ್ಷಕರು ಗುರುತಿಸಬಲ್ಲರು? ಇದು ಅನ್ಯಾಯವೆಂದೇ ನನ್ನ ಅಭಿಪ್ರಾಯ. ನೀನು ನೊಂದದ್ದು ತಪ್ಪಲ್ಲ.

ಒಂದು ಬೇಡಿಕೆ ಇದೆ. ಕೋಣೆ ಖಾಲಿ ಮಾಡುವಾಗ ಆ 630 ಅಡಿಯಲ್ಲಿ ಉಳಿದದ್ದನ್ನು ಹುಡುಕು. ಡಬ್ಬಿ ತೆರೆದಾಗ ವಿನೆಗರ್‌ನಂಥ ಹುಳಿ ವಾಸನೆ ಬಂದರೆ ಫಿಲ್ಮು ಕೆಡುತ್ತಿದೆ ಎಂದು ತಿಳಿದು ತಡಮಾಡದೆ ಡಿಜಿಟಲ್ ಪ್ರತಿ ಮಾಡಿಸು, ಖರ್ಚು ನನ್ನದು. ಅಂದು ಕೋಲು ಹಿಡಿದವರಲ್ಲಿ ಇಬ್ಬರು ಈಗಿಲ್ಲ, ಅವರ ಮಕ್ಕಳಿದ್ದಾರೆ. ಈ ಪುತ್ತರಿಗೆ ಬಾ, ಮಂದ್‌ನ ಪಕ್ಕದಲ್ಲಿ ಪರದೆ ಕಟ್ಟಿಸುತ್ತೇನೆ.

ನಿನ್ನ ಗೆಳೆಯ