‘ತಾಂತ್ರಿಕ ಕಾರಣ’ ಎಂದು ತಳ್ಳಿಹಾಕುವ ಮುನ್ನ

ಊರಿನಿಂದ ಬರುವ ಫೋನಿನಲ್ಲಿ ಈ ಸುದ್ದಿ ಆಗಾಗ ಇರುತ್ತದೆ. ಹಿರಿಯರು ಬರೆದುಕೊಟ್ಟ ಛತ್ರದ ಜಾಗವನ್ನು ಟ್ರಸ್ಟಿನವರು ಯಾರಿಗೋ ಮಾರಿದರಂತೆ. ಯಾರೋ ಕೋರ್ಟಿಗೆ ಹೋದರಂತೆ. ಕೇಸು ತಾಂತ್ರಿಕ ಕಾರಣಕ್ಕೆ ಬಿದ್ದುಹೋಯಿತಂತೆ. ಕೊನೆಯ ಮಾತು ಹೇಳುವಾಗ ದನಿಯಲ್ಲಿ ಬೇಸರ ತುಂಬಿರುತ್ತದೆ. ಆ ಬೇಸರ ನನಗೆ ಅರ್ಥವಾಗುತ್ತದೆ. ಆದರೆ ನಾವು ತಾಂತ್ರಿಕ ಅನ್ನುವ ನೋಟಿಸು, ಅನುಮತಿ, ಪ್ರಕಟಣೆ ಇವೆಲ್ಲ ದತ್ತಿ ಆಸ್ತಿಯ ಕೇಸಿನಲ್ಲಿ ಸುಮ್ನೆ ಇಟ್ಟ ಅಡ್ಡಿಗಳಲ್ಲ ಎಂದು ಈ ಸಲ ಬರೆಯಬೇಕೆನಿಸಿತು.

ಅಣ್ಣತಮ್ಮಂದಿರು ಪಾಲಿಗಾಗಿ ಕೋರ್ಟಿಗೆ ಹೋದರೆ ಆಸ್ತಿಯ ಹಕ್ಕುದಾರರೆಲ್ಲ ಅಲ್ಲೇ ನಿಂತಿರುತ್ತಾರೆ. ದತ್ತಿಯ ವಿಷಯ ಹಾಗಲ್ಲ. ದಾನ ಕೊಟ್ಟವರು ತೀರಿಕೊಂಡಿರುತ್ತಾರೆ. ಛತ್ರದಲ್ಲಿ ಒಂದು ರಾತ್ರಿ ತಂಗುವ ಯಾತ್ರಿಕನಿಗೆ, ಉಚಿತ ಹಾಸ್ಟೆಲಿಗೆ ಮುಂದೆಂದೋ ಸೇರಬೇಕಾದ ಹುಡುಗಿಗೆ ಕೇಸು ನಡೆಯುತ್ತಿರುವುದೇ ಗೊತ್ತಿರುವುದಿಲ್ಲ. ಕೋರ್ಟಿನಲ್ಲಿ ಇರುವವರು ಇಬ್ಬರೇ: ಆಸ್ತಿ ಕೈಯಲ್ಲಿಟ್ಟುಕೊಂಡವರು, ಅವರನ್ನು ಇಳಿಸಬೇಕು ಅನ್ನುವವರು. ಇವರಿಬ್ಬರೂ ರಾಜಿಯಾಗಿಬಿಟ್ಟರೆ ಉಳಿದವರ ಗತಿ ಏನು?

ಭಾರತದ ಸಿವಿಲ್ ಪ್ರಕ್ರಿಯಾ ಸಂಹಿತೆಯ 92ನೇ ಕಲಂ ಈ ಪ್ರಶ್ನೆಗೇ ಹುಟ್ಟಿದ್ದು. ಸಾರ್ವಜನಿಕ ದತ್ತಿಯ ಟ್ರಸ್ಟಿಯನ್ನು ತೆಗೆಯಬೇಕು, ಲೆಕ್ಕ ಕೇಳಬೇಕು, ಆಡಳಿತಕ್ಕೆ ಹೊಸ ಯೋಜನೆ ಬೇಕು ಎಂದರೆ ರಾಜ್ಯ ಸರ್ಕಾರದ ಮುಖ್ಯ ವಕೀಲರಾದ ಅಡ್ವೊಕೇಟ್ ಜನರಲ್ ದಾವೆ ಹೂಡಬಹುದು. ಇಲ್ಲವೇ ಆ ದತ್ತಿಯಲ್ಲಿ ನಿಜವಾದ ಆಸಕ್ತಿ ಇರುವ ಇಬ್ಬರು ಅಥವಾ ಹೆಚ್ಚು ಜನ, ಕೋರ್ಟಿನ ಅನುಮತಿ ಪಡೆದು ಹೂಡಬಹುದು. 1976ರ ತಿದ್ದುಪಡಿಗೆ ಮೊದಲು ಈ ಅನುಮತಿ ಅಡ್ವೊಕೇಟ್ ಜನರಲ್ ಕೈಯಲ್ಲಿತ್ತು. ನಾವಿರುವ ಇಂಗ್ಲೆಂಡಿಗೂ ಇದಕ್ಕೂ ಹಳೆಯ ನಂಟಿದೆ. ಕಾನೂನು ಸುಧಾರಕ ಸ್ಯಾಮ್ಯುಯೆಲ್ ರೊಮಿಲಿ ಹೆಸರಿನಿಂದ ಕರೆಯುವ 1812ರ ಕಾಯ್ದೆಯಲ್ಲೂ ‘ಇಬ್ಬರು ಅಥವಾ ಹೆಚ್ಚು ಜನ’ ಎಂದೇ ಇತ್ತು. ಇವತ್ತಿಗೂ ಇಲ್ಲಿ ಚಾರಿಟಿಯೊಂದರ ಒಳಜಗಳವನ್ನು ಕೋರ್ಟಿಗೆ ಒಯ್ಯಬೇಕಾದರೆ 2011ರ ಚಾರಿಟೀಸ್ ಕಾಯ್ದೆಯ ಪ್ರಕಾರ ಮೊದಲು ದತ್ತಿಗಳ ಮೇಲೆ ನಿಗಾ ಇಡುವ ಚಾರಿಟಿ ಕಮಿಷನ್ನಿನ ಒಪ್ಪಿಗೆ ಬೇಕು. ಅದು ಒಪ್ಪದಿದ್ದರೆ ಹೈಕೋರ್ಟಿನ ನ್ಯಾಯಾಧೀಶರನ್ನು ಕೇಳಬಹುದು.

ಅನುಮತಿ ಯಾಕೆ? ಪ್ರಾಮಾಣಿಕ ಟ್ರಸ್ಟಿಗಳನ್ನು ಹಗೆಯಿಂದ ಕೋರ್ಟಿಗೆ ಎಳೆಯುವವರೂ ಇರುತ್ತಾರೆ. ಸಂಬಳವಿಲ್ಲದೆ ದುಡಿಯುವವರ ಮೇಲೆ ಕಳ್ಳತನದ ಆರೋಪ ಬಿದ್ದರೆ, ಕೇಸು ಗೆದ್ದರೂ ಹೋದ ಮಾನ ಬರುವುದಿಲ್ಲ. ಹಾಗಾದರೆ ಅನುಮತಿ ಕೊಡುವ ಮುಂಚೆಯೇ ಅವರ ಮಾತು ಕೇಳಬೇಕಲ್ವಾ? ಆರ್.ಎಂ. ನಾರಾಯಣ ಚೆಟ್ಟಿಯಾರ್ ಪ್ರಕರಣದಲ್ಲಿ ಭಾರತದ ಸುಪ್ರೀಂ ಕೋರ್ಟಿನ ಮುಂದೆ ಬಂದದ್ದು ಇದೇ ಪ್ರಶ್ನೆ. ಸಾಮಾನ್ಯವಾಗಿ ನೋಟಿಸು ಕೊಡುವುದೇ ಸರಿ, ಆದರೆ ಕೊಡದಿದ್ದರೆ ದಾವೆ ಬಿದ್ದುಹೋಗುವುದಿಲ್ಲ, ಅನುಮತಿ ವಾಪಸು ಪಡೆಯಿರಿ ಎಂದು ಪ್ರತಿವಾದಿ ಆಮೇಲೆ ಕೇಳಬಹುದು ಎಂದು ಕೋರ್ಟು ಹೇಳಿತು. ಇದು ನಡುದಾರಿ. ನನ್ನ ಮನಸ್ಸು ಇನ್ನೂ ಒಂದು ಹೆಜ್ಜೆ ಮುಂದೆ ಹೋಗುತ್ತದೆ. ಆಸ್ತಿ ರಾತ್ರೋರಾತ್ರಿ ಕೈಬಿಟ್ಟು ಹೋಗುವ ಭಯ ಇದ್ದಾಗ ಮಾತ್ರ ನೋಟಿಸು ಕೊಡುವುದನ್ನು ಕೈಬಿಡಬೇಕು. ಉಳಿದಂತೆ ಮೊದಲು ಕೇಳಿಯೇ ಮುಂದುವರಿಯಬೇಕು.

ಉಡುಪಿಯ ಶಿರೂರು ಮಠದ ಪ್ರಕರಣ ನಮ್ಮಲ್ಲಿ ಹಲವರಿಗೆ ಹೆಸರಿನಿಂದಲಾದರೂ ಗೊತ್ತು. ದಕ್ಷಿಣ ಕನ್ನಡ ಆಗ ಮದರಾಸಿನಲ್ಲಿತ್ತು. 1954ರ ಆ ತೀರ್ಪನ್ನು ಧರ್ಮಸ್ವಾತಂತ್ರ್ಯದ ತೀರ್ಪು ಎಂದೇ ಎಲ್ಲರೂ ನೆನೆಯುತ್ತಾರೆ. ಅದರಲ್ಲಿ ನನಗೆ ಜಾಸ್ತಿ ಹಿಡಿಸುವುದು ಬೇರೆ ಭಾಗ. ಅಧಿಕಾರಿಗಳು ಯಾವಾಗ ಬೇಕಾದರೂ ಮಠದೊಳಗೆ ಎಲ್ಲಿಗೆ ಬೇಕಾದರೂ ಬರಬಹುದು, ಕಾರಣವನ್ನೇ ಹೇಳದೆ ಮ್ಯಾನೇಜರನ್ನು ನೇಮಿಸಿ ಎನ್ನಬಹುದು ಅನ್ನುವಂಥ ಕಲಮುಗಳು ಮದರಾಸಿನ ಹಿಂದೂ ಧಾರ್ಮಿಕ ದತ್ತಿ ಕಾಯ್ದೆಯಲ್ಲಿದ್ದವು. ಸುಪ್ರೀಂ ಕೋರ್ಟು ಅವನ್ನು ಹೊಡೆದುಹಾಕಿತು. ದತ್ತಿಯ ಮೇಲೆ ಸರ್ಕಾರದ ನಿಗಾ ಇರಲಿ, ಆದರೆ ಆ ನಿಗಾಕ್ಕೂ ಕಟ್ಟುಪಾಡು ಬೇಕು ಎಂದಾಯಿತು.

ನಾನು ಎಲ್ಲಕ್ಕಿಂತ ಹೆಚ್ಚು ಓದಿಕೊಂಡಿದ್ದು ಬೆಂಗಳೂರಿನ ಜುಮ್ಮಾ ಮಸೀದಿಯ ಪ್ರಕರಣವನ್ನು. ಮಸೀದಿಯ ಆಡಳಿತದ ಬಗ್ಗೆ ಹಿಂದೆ ಕಚ್ಚಿ ಮೇಮನ್ ಸಮುದಾಯದವರು ಹೂಡಿದ ದಾವೆಯಲ್ಲಿ ಒಂದು ಯೋಜನೆ ಆಗಿತ್ತು. ಆಮೇಲೆ ನಗರದ ಬೇರೆ ಮುಸ್ಲಿಮರು, ಇದು ಎಲ್ಲರ ಮಸೀದಿ ಎಂದು 92ನೇ ಕಲಮಿನಡಿ ದಾವೆ ಹೂಡಿದರು. ಇದು ಆಗಲೇ ತೀರ್ಮಾನವಾದ ವಿಷಯ, ಮತ್ತೆ ಕೆದಕುವಂತಿಲ್ಲ ಎಂಬುದು ಎದುರು ಕಡೆಯ ವಾದ. ಮೇಲ್ನೋಟಕ್ಕೆ ಗಟ್ಟಿ ವಾದವೇ. 92ನೇ ಕಲಮಿನ ತೀರ್ಪು ಆ ದತ್ತಿಗೆ ಸಂಬಂಧಪಟ್ಟ ಎಲ್ಲರನ್ನೂ ಕಟ್ಟಿಹಾಕುತ್ತದೆ, ಕೋರ್ಟಿಗೆ ಬಾರದವರನ್ನೂ.

ಕೇಸು ಸುಪ್ರೀಂ ಕೋರ್ಟಿಗೆ ಹೋಯಿತು. 1963ರಲ್ಲಿ ಅದು ಹಳೆಯ ದಾವೆಯ ಕಾಗದಗಳನ್ನೇ ಬಿಚ್ಚಿ ನೋಡಿತು. ಆವತ್ತು ಬಂದವರು ಯಾರ ಪರವಾಗಿ ಬಂದಿದ್ದರು? ಯಾರ ಹಿತವನ್ನು ಮುಂದಿಟ್ಟರು? ತಮ್ಮ ಸಮುದಾಯದ ಹಿತವನ್ನು ಮಾತ್ರ. ಉಳಿದವರ ಪರವಾಗಿ ಅಲ್ಲಿ ಯಾರೂ ಮಾತಾಡಿರಲಿಲ್ಲ. ಹಾಗಾಗಿ ಆ ತೀರ್ಪು ಉಳಿದವರನ್ನು ಕಟ್ಟುವುದಿಲ್ಲ ಎಂದಿತು ಕೋರ್ಟು. ಪ್ರಾತಿನಿಧ್ಯ ಇದೆಯೋ ಇಲ್ಲವೋ ಎಂದು ಇಷ್ಟು ಪ್ರಾಮಾಣಿಕವಾಗಿ ಹುಡುಕಿದ ತೀರ್ಪು ಓದಿ ನನಗೆ ನಿಜಕ್ಕೂ ಸಂತೋಷವಾಯಿತು.

ಇಂಗ್ಲೆಂಡಿನಲ್ಲೂ ಹತ್ತಿರದ ಉದಾಹರಣೆ ಇದೆ. ಬರ್ಮಿಂಗ್‌ಹ್ಯಾಮ್ ಮತ್ತು ಹೈ ವಿಕಮ್‌ನ ಎರಡು ಗುರುದ್ವಾರಗಳ ಟ್ರಸ್ಟಿಗಳು ಯಾರು ಎಂಬ ಜಗಳವನ್ನು, ಇದು ಧರ್ಮದ ವಿಷಯ, ಕೋರ್ಟಿನದಲ್ಲ ಎಂದು ಅಪೀಲು ನ್ಯಾಯಾಲಯ ನಿಲ್ಲಿಸಿತ್ತು. 2014ರಲ್ಲಿ ಇಲ್ಲಿನ ಸುಪ್ರೀಂ ಕೋರ್ಟು ಅದನ್ನು ಒಪ್ಪದೆ ವಿಚಾರಣೆ ನಡೆಯಲಿ ಎಂದಿತು.

ಇನ್ನು ಮಾರಾಟದ ಮಾತು. ಜಾಸ್ತಿ ನಷ್ಟ ಆಗುವುದು ಇಲ್ಲೇ. ಚೆಂಚು ರಾಮಿ ರೆಡ್ಡಿ ಪ್ರಕರಣದಲ್ಲಿ ದತ್ತಿಯ ಜಮೀನನ್ನು ಖಾಸಗಿ ಮಾತುಕತೆಯಲ್ಲಿ ಸುಮಾರು 20 ಲಕ್ಷ ರೂಪಾಯಿಗೆ ಮಾರಲು ಅನುಮತಿ ಸಿಕ್ಕಿತ್ತು. ಅದೇ ಜಮೀನಿಗೆ 80 ಲಕ್ಷ ಕೊಡುವವರಿದ್ದರು. 1986ರಲ್ಲಿ ಭಾರತದ ಸುಪ್ರೀಂ ಕೋರ್ಟು ಆ ಮಾರಾಟವನ್ನು ಒಪ್ಪಲಿಲ್ಲ. ಇಂಥ ಆಸ್ತಿಯನ್ನು ಬಹಿರಂಗ ಹರಾಜಿನಲ್ಲೇ ಮಾರಬೇಕು, ಬೇರೆ ದಾರಿ ಹಿಡಿಯಲು ಬಲವಾದ ಕಾರಣ ಬೇಕು ಎಂದಿತು. ಹರಾಜಿನ ಪ್ರಕಟಣೆ ಒಂದು ಕಾಗದದ ಕೆಲಸ ಎನ್ನುವವರು ಈ 60 ಲಕ್ಷದ ವ್ಯತ್ಯಾಸವನ್ನು ನೋಡಬೇಕು.

ಪ್ರಕಟಣೆಯಲ್ಲೂ ಒಂದು ಕೊರತೆ ಇದೆ. ಪತ್ರಿಕೆಯ ಒಳಪುಟದಲ್ಲಿ ಸಣ್ಣ ಅಕ್ಷರದಲ್ಲಿ ಬಂದ ನೋಟಿಸು ಛತ್ರಕ್ಕೆ ಬರುವವರ ಕಣ್ಣಿಗೆ ಬೀಳುತ್ತದೆಯೇ? ಆ ನೋಟಿಸನ್ನು ಛತ್ರದ ಗೋಡೆಗೆ, ಪಂಚಾಯಿತಿ ಕಚೇರಿಗೆ, ಹಾಸ್ಟೆಲಿನ ಬಾಗಿಲಿಗೆ ಕನ್ನಡದಲ್ಲಿ ಅಂಟಿಸಬೇಕು ಎಂದು ನಮ್ಮ ವಕೀಲರು ಪ್ರತಿ ಕೇಸಿನಲ್ಲೂ ಕೇಳಲಿ. ನಿಮ್ಮ ಮನೆತನದವರು ಊರಿನಲ್ಲಿ ಏನಾದರೂ ದತ್ತಿ ಬಿಟ್ಟಿದ್ದರೆ, ಮುಂದಿನ ಸಲ ಹೋದಾಗ ಸಬ್‌ ರಿಜಿಸ್ಟ್ರಾರ್ ಕಚೇರಿಯಲ್ಲಿ ಆ ದತ್ತಿ ಪತ್ರದ ದೃಢೀಕೃತ ನಕಲಿಗೆ ಅರ್ಜಿ ಹಾಕಿ. ಆಸ್ತಿ ಯಾವ ಉದ್ದೇಶಕ್ಕೆ, ಟ್ರಸ್ಟಿಗಳ ನೇಮಕ ಹೇಗೆ, ಮಾರುವ ಅಧಿಕಾರ ಉಂಟೋ ಇಲ್ಲವೋ ಎಂದು ಸಾಮಾನ್ಯವಾಗಿ ಅದರಲ್ಲೇ ಬರೆದಿರುತ್ತದೆ.