ದಸರಾ ಸೇನಾ ಮೆರವಣಿಗೆಯ ಹಳೆಯ ರೀಲುಗಳನ್ನು ಉಳಿಸಲು ದೇಣಿಗೆ ಕೊಡಿ

ಆತ್ಮೀಯರೇ,

ನಾಲ್ವಡಿ ಕೃಷ್ಣರಾಜ ಒಡೆಯರ ಕಾಲದಲ್ಲಿ ವಿಜಯದಶಮಿಯ ದಿನ ಮಹಾರಾಜರೇ ಅಂಬಾರಿಯಲ್ಲಿ ಬನ್ನಿಮಂಟಪಕ್ಕೆ ಬರುತ್ತಿದ್ದರು. ಬನ್ನಿ ಪೂಜೆ ಮುಗಿಸಿ, ಕುದುರೆ ಏರಿ, ತಮ್ಮ ಸೇನೆಯ ಕವಾಯತು ನೋಡುತ್ತಿದ್ದರು. ಆ ಸೇನೆಯ ಕುದುರೆ ಪಡೆ ಮೈಸೂರು ಲ್ಯಾನ್ಸರ್ಸ್ ಸುಮ್ನೆ ಮೆರವಣಿಗೆಯ ಪಡೆಯಲ್ಲ. 1918ರ ಸೆಪ್ಟೆಂಬರ್ 23ರಂದು ಜೋಧಪುರದ ಸವಾರರ ಜೊತೆ ಈಗಿನ ಇಸ್ರೇಲಿನ ಹೈಫಾ ಪಟ್ಟಣ ಗೆದ್ದವರು.

1923ರಲ್ಲಿ 16 ಎಂ.ಎಂ. ಸಿನಿಮಾ ಕ್ಯಾಮೆರಾ ಬಂದ ಮೇಲೆ ಅನುಕೂಲಸ್ಥರ ಮನೆಗಳಲ್ಲೂ ಚಿತ್ರ ತೆಗೆಯುವ ಹವ್ಯಾಸ ಶುರುವಾಯಿತು. ಆ ಮೆರವಣಿಗೆಯನ್ನು ಸೆರೆಹಿಡಿದ ರೀಲುಗಳು ಮೈಸೂರಿನ ಹಳೇ ಮನೆಗಳ ಅಟ್ಟದಲ್ಲಿ ಇನ್ನೂ ಇರಬಹುದು. ಅವನ್ನು ಹುಡುಕಿ ಉಳಿಸುವುದೇ ನಮ್ಮ ಟ್ರಸ್ಟಿನ ಕೆಲಸ.

ತಡ ಮಾಡುವ ಹಾಗಿಲ್ಲ. ಸೆಕೆ, ತೇವ ತಗುಲಿದ ಡಬ್ಬಿಯ ಮುಚ್ಚಳ ತೆಗೆದರೆ ವಿನೆಗರ್ ವಾಸನೆ ಗಪ್ಪೆಂದು ಮೂಗಿಗೆ ಹೊಡೆಯುತ್ತದೆ; ಫಿಲ್ಮ್ ಕೆಡುತ್ತಿರುವ ಗುರುತು ಅದು. ಫಿಲ್ಮ್ ಕುಗ್ಗಿ, ಅಂಚಿನ ತೂತುಗಳು ಯಂತ್ರದ ಹಲ್ಲಿಗೆ ಕೂರುವುದಿಲ್ಲ. ಒಂದು ರೀಲು ಕೆಟ್ಟರೆ ಪಕ್ಕದ್ದಕ್ಕೂ ಆ ಕೇಡು ಹರಡುತ್ತದೆ.

ಬ್ರಿಟಿಷ್ ಚಕ್ರವರ್ತಿ ಐದನೇ ಜಾರ್ಜ್ ನಡೆಸಿದ 1911ರ ದೆಹಲಿ ದರ್ಬಾರಿನ ಕಥೆ ನೋಡಿ. ನಾಲ್ವಡಿಯವರೂ ಹೋಗಿದ್ದ ದರ್ಬಾರು ಅದು. ಅದರ ಚಿತ್ರವನ್ನು 1912ರಲ್ಲಿ ಲಂಡನ್ನಿನಲ್ಲಿ ಬಣ್ಣದಲ್ಲೇ ತೋರಿಸಿದ್ದರು, ಸುಮಾರು ಎರಡೂವರೆ ಗಂಟೆಯದ್ದು. ಚಕ್ರವರ್ತಿಯ ಚಿತ್ರ ಅಲ್ವಾ, ಜೋಪಾನವಾಗಿ ಇಟ್ಟಿರಬೇಕು ಅನಿಸುತ್ತದೆ. ಆದರೆ ಉಳಿದಿರುವುದು ಒಂದೆರಡು ರೀಲು ಮಾತ್ರ. ಸೇನಾ ಪರಿಶೀಲನೆಯ ರೀಲು ಸಿಕ್ಕಿದ್ದು ದೂರದ ರಷ್ಯಾದಲ್ಲಿ! ಇನ್ನು ನಮ್ಮ ಅಟ್ಟದ ಡಬ್ಬಿಗಳ ಗತಿಯೇನು?

ನಿಮ್ಮ ದುಡ್ಡು ಹೋಗುವುದು ಇಲ್ಲಿಗೆ: ರೀಲನ್ನು ಕೈಯಿಂದ ಒರೆಸಿ, ಹರಿದ ಕಡೆ ಅಂಟಿಸಿ, ಒಂದೊಂದೇ ಚಿತ್ರವಾಗಿ ಸ್ಕ್ಯಾನ್ ಮಾಡಬೇಕು. ವೇಗವನ್ನೂ ಸರಿ ಮಾಡಬೇಕು. ಸೆಕೆಂಡಿಗೆ 16 ಚಿತ್ರದಂತೆ ತೆಗೆದದ್ದನ್ನು 24ರಂತೆ ಓಡಿಸಿದರೆ, ಗತ್ತಿನಿಂದ ಹೆಜ್ಜೆ ಹಾಕುವ ಸಿಪಾಯಿಗಳು ಗಡಿಬಿಡಿಯಲ್ಲಿ ಓಡುವಂತೆ ಕಾಣುತ್ತಾರೆ. ಆ ಯೋಧರಿಗೆ ಅವರ ನಡಿಗೆಯನ್ನು ವಾಪಸ್ ಕೊಡಬೇಕು ಅನ್ನುವುದು ನಮ್ಮ ಹಟ. ಇದಕ್ಕೆ ನುರಿತ ಕೈ ಬೇಕು, ಖರ್ಚೂ ಜಾಸ್ತಿ.

100 ರೂಪಾಯಿ ಕೊಟ್ಟರೂ ಸಂತೋಷ. ಪ್ರತಿ ದೇಣಿಗೆಗೂ ರಸೀದಿ ಕೊಡುತ್ತೇವೆ. ನಿಮ್ಮ ಮನೆಯಲ್ಲೇ ರೀಲು ಇದ್ದರೆ ದಯವಿಟ್ಟು ಪ್ರೊಜೆಕ್ಟರಿಗೆ ಹಾಕಬೇಡಿ, ಹರಿದುಹೋಗುತ್ತದೆ. ಡಬ್ಬಿಯನ್ನು ತಂಪಾದ, ಗಾಳಿಯಾಡುವ ಕಡೆ ಇಟ್ಟು ನಮಗೆ ತಿಳಿಸಿ. ನಾವೇ ಬಂದು ಒಯ್ಯುತ್ತೇವೆ. ಕೆಲಸ ಮುಗಿದ ಮೇಲೆ ರೀಲು ನಿಮ್ಮದೇ, ಡಿಜಿಟಲ್ ಪ್ರತಿಯೂ ಜೊತೆಗೆ ಬರುತ್ತದೆ.

ಇಂತಿ,
ಟ್ರಸ್ಟಿನ ಪರವಾಗಿ ಕಾರ್ಯದರ್ಶಿ